ಮನೆ ಬಾಗಿಲ ಮುಂದೆ ಹಿತ್ತಾಳೆ ಬಿಲ್ಲೆ: ಜರ್ಮನಿಯ ಎಡವುಗಲ್ಲುಗಳು ಏನು, ಯಾಕೆ?

ಅಕ್ಕನ ಮಗ ಹೋದ ಅಕ್ಟೋಬರಿನಲ್ಲಿ ಓದಲು ಬರ್ಲಿನ್‌ಗೆ ಹೋದ. ರೂಮು ಸಿಕ್ಕಿದ ಮರುದಿನವೇ ವಾಟ್ಸಾಪಿನಲ್ಲಿ ಒಂದು ಫೋಟೋ ಕಳಿಸಿದ. ಫುಟ್‌ಪಾತಿನ ಬೂದು ಕಲ್ಲುಗಳ ನಡುವೆ ನಾಲ್ಕು ಹಿತ್ತಾಳೆ ಚೌಕಗಳು. ಒಂದೊಂದೂ ಅಂಗೈ ಅಗಲ. ಮೇಲೆ ಏನೋ ಅಕ್ಷರ ಕೊರೆದಿದೆ. ‘ಮಾಮ, ನಮ್ಮ ಬಿಲ್ಡಿಂಗ್ ಬಾಗಿಲ ಎದುರಿಗೇ ಇದೆ. ಇದೇನು, ದಾನಿಗಳ ಹೆಸರಾ?’ ಎಂದು ಕೇಳಿದ್ದ.

ಹಾಗೆ ಅನ್ನಿಸಿದ್ದು ಸಹಜ. ನಮ್ಮ ಕಡೆ ದೇವಸ್ಥಾನದ ಮೆಟ್ಟಿಲ ಮೇಲೆ ಹೆಸರು ಕಂಡರೆ ಅದು ದುಡ್ಡು ಕೊಟ್ಟವರದೇ ಅಲ್ವಾ? ಬರ್ಲಿನ್‌ನ ಕಲ್ಲುಗಳು ಬೇರೆ. ಅವು ಒಂದು ಕಾಲಕ್ಕೆ ಅದೇ ಮನೆಯಲ್ಲಿ ಬಾಳಿ, ಹಿಟ್ಲರನ ನಾಜಿಗಳ ಕೈಗೆ ಸಿಕ್ಕವರ ಹೆಸರುಗಳು.

ಈಗ ನಮ್ಮೂರುಗಳಿಂದ ಎಷ್ಟೊಂದು ಮಕ್ಕಳು ಓದಲು, ಕೆಲಸಕ್ಕೆ ಅಂತ ಜರ್ಮನಿಗೆ ಹೋಗುತ್ತಿದ್ದಾರೆ. ದಿನಾ ಈ ಕಲ್ಲುಗಳನ್ನು ದಾಟಿಕೊಂಡೇ ಟ್ರಾಮ್ ಹಿಡಿಯುತ್ತಾರೆ. ಅವನಿಗೆ ಬರೆದ ಉತ್ತರ ಉದ್ದವಾಯಿತು. ಅದನ್ನೇ ಸ್ವಲ್ಪ ಬೆಳೆಸಿ ಇಲ್ಲಿ ಹಾಕುತ್ತಿದ್ದೇನೆ.

ಕಲ್ಲಿನ ಮೇಲೆ ಏನು ಬರೆದಿರುತ್ತದೆ?

ಜರ್ಮನ್ ಭಾಷೆಯಲ್ಲಿ ಇದರ ಹೆಸರು ಷ್ಟೋಲ್ಪರ್‌ಷ್ಟೈನ್. ಷ್ಟೋಲ್ಪರ್ನ್ ಅಂದರೆ ಎಡವುವುದು, ಷ್ಟೈನ್ ಅಂದರೆ ಕಲ್ಲು. ಕನ್ನಡದಲ್ಲಿ ಎಡವುಗಲ್ಲು ಅನ್ನೋಣ. ನಿಜವಾಗಿ ಯಾರೂ ಎಡವಿ ಬೀಳುವುದಿಲ್ಲ, ಕಲ್ಲು ನೆಲಕ್ಕೆ ಸಮವಾಗಿರುತ್ತದೆ. ಎಡವುವುದು ಕಣ್ಣು. ಕೆಳಗೆ ಏನೋ ಹೊಳೆದ ಹಾಗಾಗಿ ಒಂದು ಕ್ಷಣ ನಿಲ್ಲುತ್ತೀರಿ.

ಹತ್ತು ಸೆಂಟಿಮೀಟರಿನ ಕಾಂಕ್ರೀಟ್ ತುಂಡು, ಅದರ ತಲೆಗೆ ಹಿತ್ತಾಳೆ ತಗಡು. ತಗಡಿನ ಮೇಲೆ ಐದಾರು ಸಾಲು. ಮೊದಲ ಸಾಲು ಹೆಚ್ಚಾಗಿ ಒಂದೇ: ‘ಹಿಯರ್ ವೋನ್‌ಟೆ’, ಅಂದರೆ ‘ಇಲ್ಲಿ ವಾಸವಾಗಿದ್ದರು’. ಅದರ ಕೆಳಗೆ ಹೆಸರು. ಆಮೇಲೆ ಹುಟ್ಟಿದ ವರ್ಷ. ಆಮೇಲೆ ‘ಡೆಪೋರ್ಟೀರ್ಟ್’ ಎಂಬ ಪದ ಮತ್ತು ಒಂದು ವರ್ಷ, ಅಂದರೆ ಗಡೀಪಾರು ಮಾಡಿದ್ದು ಯಾವಾಗ ಎಂದು. ಕೊನೆಗೆ ‘ಎರ್‌ಮೋರ್ಡೆಟ್’, ಅಂದರೆ ಕೊಲ್ಲಲಾಯಿತು, ಜೊತೆಗೆ ನಾಜಿಗಳು ಜನರನ್ನು ಸಾಗಿಸಿ ಕೊಂದ ಜಾಗದ ಹೆಸರು: ಔಷ್‌ವಿಟ್ಸ್, ರೀಗಾ, ಟ್ರೆಬ್ಲಿಂಕಾ. ಗಡೀಪಾರಿನ ಕಾಗದ ಬಂದ ಮೇಲೆ ಮನೆಯಲ್ಲೇ ತಾವಾಗಿ ಪ್ರಾಣ ಕಳೆದುಕೊಂಡವರೂ ಬಹಳ ಜನ. ಅವರ ಕಲ್ಲಿನಲ್ಲಿ ‘ಸಾವಿನೊಳಕ್ಕೆ ಓಡಿಹೋದರು’ ಎಂಬ ಅರ್ಥದ ಮಾತಿರುತ್ತದೆ.

ನನ್ನ ಅಳಿಯನ ಬಾಗಿಲ ಮುಂದಿನ ನಾಲ್ಕರಲ್ಲಿ ಮೂರು ಹೀಗೆಯೇ ಮುಗಿಯುತ್ತವೆ. ನಾಲ್ಕನೆಯದರಲ್ಲಿ ‘ಊಬರ್‌ಲೇಬ್ಟ್’ ಎಂದಿದೆ. ಬದುಕುಳಿದರು ಎಂದರ್ಥ. ‘ಬದುಕಿದವಳಿಗೆ ಯಾಕೆ ಕಲ್ಲು?’ ಅವನ ಮುಂದಿನ ಪ್ರಶ್ನೆ. ಮನೆಯವರು ಒಬ್ಬೊಬ್ಬರೂ ಒಂದೊಂದು ದಿಕ್ಕಿಗೆ ಹೋದವರು. ಕೆಲವರು ಸತ್ತರು, ಒಬ್ಬಳು ಬೇರೆ ದೇಶಕ್ಕೆ ಪಾರಾದಳು. ಕಲ್ಲು ಹಾಕುವಾಗಲಾದರೂ ಮನೆಮಂದಿಯನ್ನು ಒಟ್ಟಿಗೆ ಕೂರಿಸಬೇಕು ಎಂಬುದು ಈ ಯೋಜನೆಯ ನಿಯಮ.

ಯಹೂದಿಗಳಿಗೆ ಮಾತ್ರ ಎಂದೇನೂ ಇಲ್ಲ. ಸಿಂತಿ ಮತ್ತು ರೋಮಾ ಜನ, ನಾಜಿಗಳನ್ನು ಎದುರಿಸಿದ ರಾಜಕೀಯ ಕಾರ್ಯಕರ್ತರು, ಸಲಿಂಗಿಗಳು, ಯೆಹೋವನ ಸಾಕ್ಷಿಗಳು ಎಂಬ ಕ್ರೈಸ್ತ ಪಂಗಡದವರು, ‘ಬದುಕಲು ಯೋಗ್ಯರಲ್ಲ’ ಎಂದು ಆಸ್ಪತ್ರೆಗಳಲ್ಲಿ ಕೊಂದು ಹಾಕಿದ ಅಂಗವಿಕಲರು, ಇವರೆಲ್ಲರ ಹೆಸರಿನ ಕಲ್ಲುಗಳೂ ಇವೆ.

ಒಬ್ಬ ಅಜ್ಜಿಯ ಮಾತಿನಿಂದ

ಇದನ್ನು ಶುರುಮಾಡಿದವರು ಗುಂಟರ್ ಡೆಮ್ನಿಗ್ ಎಂಬ ಕಲಾವಿದ. 1947ರಲ್ಲಿ ಬರ್ಲಿನ್‌ನಲ್ಲಿ ಹುಟ್ಟಿದವರು. ಅವರ ಕೆಲಸಕ್ಕೆ ಮೊದಲ ಎಳೆ ಸಿಕ್ಕಿದ್ದು ಕಲೋನ್ ನಗರದ ರೋಮಾ ಜನರ ಕಥೆಯಲ್ಲಿ.

ರೋಮಾ ಎಂದರೆ ಯುರೋಪಿನವರು ‘ಜಿಪ್ಸಿ’ ಎಂದು ಹಗುರವಾಗಿ ಕರೆಯುತ್ತಿದ್ದ ಜನ. ಸಿಂತಿಗಳು ಅವರದೇ ಒಂದು ಕವಲು. ಅವರ ಹಿರಿಯರು ಸುಮಾರು ಸಾವಿರ ವರ್ಷದ ಹಿಂದೆ ಉತ್ತರ ಭಾರತದಿಂದ ಹೊರಟವರು. ಇವತ್ತಿಗೂ ಅವರ ಭಾಷೆಯಲ್ಲಿ ಎರಡು, ಮೂರು, ಐದಕ್ಕೆ ದುಯ್, ತ್ರಿನ್, ಪಂಜ್ ಅನ್ನುತ್ತಾರೆ. 1940ರ ಮೇ ತಿಂಗಳಲ್ಲಿ ಕಲೋನ್‌ನಿಂದ ಸಾವಿರ ಮಂದಿ ರೋಮಾ ಮತ್ತು ಸಿಂತಿಗಳನ್ನು ರೈಲು ಹತ್ತಿಸಿ ಕಳಿಸಿದರು. ಮುಂದೆ ಯಹೂದಿಗಳಿಗೆ ಮಾಡಲಿದ್ದುದಕ್ಕೆ ಅದು ಒಂದು ತಾಲೀಮಿನಂತಿತ್ತು. ಐವತ್ತು ವರ್ಷದ ನಂತರ, 1990ರಲ್ಲಿ, ಆ ಜನರನ್ನು ನಡೆಸಿಕೊಂಡು ಹೋದ ದಾರಿಯುದ್ದಕ್ಕೂ ಡೆಮ್ನಿಗ್ ಬೀದಿಯ ಮೇಲೆ ಬಣ್ಣದಲ್ಲಿ ಬರಹದ ಗೆರೆ ಎಳೆದರು. ಮಳೆಗೆ, ಗಾಡಿಗಳಿಗೆ ಬಣ್ಣ ಅಳಿಸಿತು. ಕೆಲವು ಕಡೆಯಾದರೂ ಉಳಿಯಲಿ ಎಂದು ಹಿತ್ತಾಳೆಯಲ್ಲಿ ಕೂರಿಸಲು ಹೋದರು. ಆಗ ಅಲ್ಲೇ ವಾಸವಿದ್ದ ಒಬ್ಬ ವಯಸ್ಸಾದ ಹೆಂಗಸು ಬಂದು, ನಮ್ಮ ಬಡಾವಣೆಯಲ್ಲಿ ಅಂಥ ಜನ ಯಾವತ್ತೂ ಇರಲೇ ಇಲ್ಲವಲ್ಲ ಎಂದರಂತೆ.

ಆಕೆ ಸುಳ್ಳು ಹೇಳುತ್ತಿರಲಿಲ್ಲ. ಪಕ್ಕದ ಮನೆಯವರು ಯಾರೆಂದು ಆಕೆಗೆ ನಿಜವಾಗಿ ಗೊತ್ತೇ ಇರಲಿಲ್ಲ. ಡೆಮ್ನಿಗ್‌ಗೆ ಕುಟುಕಿದ್ದು ಅದೇ. ಔಷ್‌ವಿಟ್ಸ್ ಎಲ್ಲೋ ದೂರದ ಪೋಲೆಂಡಿನಲ್ಲಿ ನಡೆದದ್ದು ಎಂದು ಜನ ತಿಳಿದಿದ್ದಾರೆ. ಅದು ಶುರುವಾದದ್ದು ಈ ಬೀದಿಯಲ್ಲಿ, ಈ ಬಾಗಿಲಲ್ಲಿ.

ಮೊದಲ ಕಲ್ಲು 1992ರ ಡಿಸೆಂಬರ್ 16ರಂದು ಕಲೋನ್ ನಗರಸಭೆಯ ಮುಂದೆ ಬಿತ್ತು. ಅದರಲ್ಲಿ ವ್ಯಕ್ತಿಯ ಹೆಸರಿರಲಿಲ್ಲ. ಸರಿಯಾಗಿ ಐವತ್ತು ವರ್ಷದ ಹಿಂದೆ ಅದೇ ದಿನ ನಾಜಿ ಪೊಲೀಸ್ ಮುಖ್ಯಸ್ಥ ಹಿಮ್ಲರ್ ಹೊರಡಿಸಿದ, ರೋಮಾ ಮತ್ತು ಸಿಂತಿಗಳನ್ನು ಔಷ್‌ವಿಟ್ಸ್‌ಗೆ ಸಾಗಿಸುವ ಆದೇಶದ ಸಾಲುಗಳಿದ್ದವು. 1996ರಲ್ಲಿ ಬರ್ಲಿನ್‌ನ ಕ್ರೋಯ್ಟ್ಸ್‌ಬೆರ್ಗ್ ಪ್ರದೇಶದಲ್ಲಿ 51 ಕಲ್ಲು ಹಾಕಿದಾಗ ಯಾರ ಅನುಮತಿಯೂ ಇರಲಿಲ್ಲ. ಸುಮ್ನೆ ಹೋದರು, ಅಗೆದರು, ಹಾಕಿದರು. ಆಮೇಲೆ ಆಡಳಿತ ಒಪ್ಪಿಕೊಂಡಿತು. ಈಗ ಬರ್ಲಿನ್ ಒಂದರಲ್ಲೇ 10,000ಕ್ಕೂ ಜಾಸ್ತಿ ಕಲ್ಲುಗಳಿವೆ. ಲಕ್ಷದ ಕಲ್ಲು 2023ರ ಮೇ ತಿಂಗಳಲ್ಲಿ ನ್ಯೂರೆಂಬರ್ಗ್‌ನಲ್ಲಿ, ಅಗ್ನಿಶಾಮಕ ದಳದಲ್ಲಿದ್ದ ಒಬ್ಬರ ಹೆಸರಿನಲ್ಲಿ ಬಿತ್ತು. ನಾಜಿಗಳು ಕೊಂದ ಯಹೂದಿಗಳ ಲೆಕ್ಕವೇ ಸುಮಾರು 60 ಲಕ್ಷ. ಹಾಗಾಗಿ ಇದು ಮುಗಿಯುವ ಕೆಲಸ ಅಲ್ಲ.

ಫುಟ್‌ಪಾತೇ ಯಾಕೆ, ಗೋಡೆ ಯಾಕಲ್ಲ?

ಗೋಡೆಗೆ ಫಲಕ ಹೊಡೆಯಬೇಕಾದರೆ ಮನೆಯ ಈಗಿನ ಮಾಲೀಕರು ಒಪ್ಪಬೇಕು. ‘ಈ ಮನೆಯಲ್ಲಿದ್ದವರನ್ನು ಕೊಲ್ಲಲಾಯಿತು’ ಎಂಬ ಬೋರ್ಡು ತನ್ನ ಬಾಗಿಲ ಪಕ್ಕ ಬೇಕು ಎನ್ನುವ ಮಾಲೀಕರು ಎಷ್ಟು ಜನ ಸಿಕ್ಕಾರು? ಫುಟ್‌ಪಾತು ಊರಿನದು. ನಗರಸಭೆ ಒಪ್ಪಿದರೆ ಸಾಕು. ಹೀಗಿದ್ದೂ, ಮನೆಯ ಬೆಲೆ ಇಳಿಯುತ್ತದೆ ಎಂದು ಕೋರ್ಟಿಗೆ ಹೋದವರೂ ಇದ್ದಾರೆ.

ಇನ್ನೊಂದು ಕಾರಣ ದೇಹಕ್ಕೆ ಸಂಬಂಧಿಸಿದ್ದು. ಅಕ್ಷರಗಳು ಸಣ್ಣವು. ನಿಂತಲ್ಲಿಂದ ಸರಿಯಾಗಿ ಕಾಣುವುದಿಲ್ಲ. ಓದಬೇಕೆಂದರೆ ಬಗ್ಗಬೇಕು. ತಲೆ ತಗ್ಗಿಸಿ ಎಂದು ಯಾರೂ ಹೇಳದಿದ್ದರೂ ತಲೆ ತಾನಾಗಿ ತಗ್ಗುತ್ತದೆ.

ಕಲಾವಿದನ ಪಾಲು ಚಿಕ್ಕದು, ಊರಿನ ಪಾಲು ದೊಡ್ಡದು

ಸಾಮಾನ್ಯವಾಗಿ ಸ್ಮಾರಕ ಅಂದರೆ ಹೇಗೆ? ಸರ್ಕಾರ ತೀರ್ಮಾನಿಸುತ್ತದೆ, ಟೆಂಡರು ಕರೆಯುತ್ತದೆ, ಶಿಲ್ಪಿ ಕೆತ್ತುತ್ತಾನೆ, ಮಂತ್ರಿ ಪರದೆ ಎಳೆಯುತ್ತಾರೆ. ಜನ ಬಂದು ನೋಡಿ ಹೋಗುತ್ತಾರೆ. ಎಡವುಗಲ್ಲಿನಲ್ಲಿ ಇದು ತಿರುಗಾಮುರುಗಾ. ಯಾರೋ ಒಬ್ಬ ಸಾಮಾನ್ಯ ಮನುಷ್ಯ ‘ನಮ್ಮ ಮನೆಯಲ್ಲಿ ಮೊದಲು ಯಾರಿದ್ದರು?’ ಎಂದು ಕೇಳಿಕೊಳ್ಳದ ಹೊರತು ಕಲ್ಲು ಬೀಳುವುದೇ ಇಲ್ಲ.

ಆ ಪ್ರಶ್ನೆ ಕೇಳುವವರು ಬಾಡಿಗೆದಾರರಿರಬಹುದು, ಅಮೆರಿಕದಲ್ಲೋ ಇಸ್ರೇಲಿನಲ್ಲೋ ಇರುವ ಮೊಮ್ಮಕ್ಕಳಿರಬಹುದು, ಹೈಸ್ಕೂಲಿನ ಒಂದು ತರಗತಿಯೇ ಇರಬಹುದು. ಅನೇಕ ಊರುಗಳಲ್ಲಿ ಇದಕ್ಕಾಗಿ ಸ್ವಯಂಸೇವಕರ ಒಂದು ಗುಂಪಿರುತ್ತದೆ. ಹೆಸರು, ಹುಟ್ಟಿದ ವರ್ಷ, ಗಡೀಪಾರಾದ ದಿನ ಎಲ್ಲಕ್ಕೂ ದಾಖಲೆ ತೋರಿಸಬೇಕು. ಬದುಕಿರುವ ಸಂಬಂಧಿಕರನ್ನು ಹುಡುಕಿ ಒಪ್ಪಿಗೆ ಕೇಳಬೇಕು. ದುಡ್ಡನ್ನೂ ಅವರೇ ಹೊಂದಿಸಬೇಕು. ಬಹಳ ವರ್ಷ ಒಂದು ಕಲ್ಲಿಗೆ 120 ಯೂರೋ ಇತ್ತು. ದೊಡ್ಡ ಊರುಗಳಲ್ಲಿ ಸರದಿಯೂ ಉದ್ದ.

ಯಾವ ಮನೆ ಎಂಬುದೂ ಸುಲಭದ ಪ್ರಶ್ನೆಯಲ್ಲ. ಗಡೀಪಾರು ಮಾಡುವ ಮೊದಲು ಯಹೂದಿಗಳನ್ನು ಅವರ ಮನೆಗಳಿಂದ ಎಬ್ಬಿಸಿ, ಬೇರೆ ಕಟ್ಟಡಗಳಲ್ಲಿ ಒಂದೊಂದು ಕೋಣೆಗೆ ಒಂದೊಂದು ಸಂಸಾರದಂತೆ ತುರುಕುತ್ತಿದ್ದರು. ಕೊನೆಯ ವಿಳಾಸ ಅದೇ. ಆದರೆ ಕಲ್ಲು ಅಲ್ಲಿಗಲ್ಲ. ಅವರು ಕೊನೆಯದಾಗಿ ತಾವಾಗಿ ಆರಿಸಿಕೊಂಡ ಮನೆಯ ಮುಂದೆ ಹಾಕಬೇಕು ಎಂಬುದು ಡೆಮ್ನಿಗ್ ಹಾಕಿಕೊಂಡ ಕಟ್ಟಳೆ.

ಅಕ್ಷರಗಳನ್ನು ಇವತ್ತಿಗೂ ಕೈಯಿಂದಲೇ ಹೊಡೆಯುತ್ತಾರೆ. 2005ರಿಂದ ಈ ಕೆಲಸ ಹೊತ್ತವರು ಮಿಖಾಯೆಲ್ ಫ್ರೀಡ್ರಿಖ್ಸ್ ಫ್ರೀಡ್‌ಲೆಂಡರ್ ಎಂಬ ಶಿಲ್ಪಿ. ಒಂದೊಂದು ಅಕ್ಷರದ ಅಚ್ಚನ್ನೂ ತಗಡಿನ ಮೇಲಿಟ್ಟು ಸುತ್ತಿಗೆಯಿಂದ ಹೊಡೆಯಬೇಕು. ನಮ್ಮಲ್ಲಿ ಮದುವೆಗೆ ಕೊಡುವ ಪಾತ್ರೆಗೆ ಹೆಸರು ಹೊಡೆಸುತ್ತೇವಲ್ಲ, ಹಾಗೆ. ಮಷೀನಿಗೆ ಕೊಟ್ಟರೆ ಬೇಗ ಆಗುತ್ತದೆ. ಆದರೆ ಕೊಲೆಯನ್ನೇ ಕಾರ್ಖಾನೆಯ ಕೆಲಸ ಮಾಡಿದವರ ಕಥೆ ಇದು. ಹೆಸರನ್ನಾದರೂ ಮನುಷ್ಯನ ಕೈ ಬರೆಯಲಿ ಎಂದು ಅವರ ಹಟ.

ಹದಿನಾರು ಪುಟದ ಫಾರ್ಮು

ಹುಡುಕುವ ಕೆಲಸ ನಡೆಯುವುದು ಹೇಗೆ? ಇದು ನನಗೆ ಎಲ್ಲಕ್ಕಿಂತ ಜಾಸ್ತಿ ಕಾಡಿದ ಭಾಗ.

1939ರ ಮೇ 17ರಂದು ಜರ್ಮನಿಯಲ್ಲಿ ಜನಗಣತಿ ನಡೆಯಿತು. ಅದರ ಜೊತೆ ಒಂದು ಹೆಚ್ಚುವರಿ ಚೀಟಿ ಇತ್ತು: ನಿಮ್ಮ ನಾಲ್ಕು ಅಜ್ಜ ಅಜ್ಜಿಯರಲ್ಲಿ ಯಾರಾದರೂ ಯಹೂದಿಯೇ? ಕೊಲೆಗಾರರಿಗೆ ಅನುಕೂಲವಾಗಿದ್ದ ಆ ಚೀಟಿಗಳೇ ಇವತ್ತು ಯಾವ ಮನೆಯಲ್ಲಿ ಯಾರಿದ್ದರು ಎಂದು ತಿಳಿಯಲು ದೊಡ್ಡ ಆಧಾರ. ಬೀದಿ ಮತ್ತು ಮನೆ ನಂಬರು ಹಾಕಿ ಹುಡುಕುವ ಆನ್‌ಲೈನ್ ನಕ್ಷೆಯೂ ಈಗ ಇದೆ.

ಇನ್ನೊಂದು ಆಧಾರ ಆಸ್ತಿ ಪಟ್ಟಿ. ರೈಲು ಹತ್ತಿಸುವ ಮೊದಲು ಪ್ರತಿಯೊಬ್ಬರ ಕೈಗೂ 16 ಪುಟದ ಒಂದು ಫಾರ್ಮು ಕೊಡುತ್ತಿದ್ದರು. ಮನೆಯಲ್ಲಿರುವುದನ್ನೆಲ್ಲ ತಾವೇ ಬರೆದುಕೊಡಬೇಕು. ಕುರ್ಚಿ ಎಷ್ಟು, ದೀಪ ಎಷ್ಟು, ಪರದೆ, ಹಾಸಿಗೆ, ಒಳ ಉಡುಪು, ಬ್ಯಾಂಕಿನಲ್ಲಿರುವ ದುಡ್ಡು. ಕೊನೆಯಲ್ಲಿ ಸಹಿ. ಅವರು ಹೋದ ಮೇಲೆ ಅಧಿಕಾರಿ ಬಂದು ಪಟ್ಟಿ ತಾಳೆ ನೋಡಿ ಬೆಲೆ ಕಟ್ಟುತ್ತಿದ್ದ. ಸಾಮಾನು ಹರಾಜಾಗುತ್ತಿತ್ತು. ಬರ್ಲಿನ್‌ನ ಇಂಥ ಕಡತಗಳು ಪೋಟ್ಸ್‌ಡಾಮ್‌ನ ದಾಖಲೆ ಭಂಡಾರದಲ್ಲಿವೆ. ಮನೆಗೆ ಬೀಗ ಜಡಿದ ತಿಂಗಳುಗಳ ಬಾಡಿಗೆ ಬಾಕಿ ಇದೆ, ಕೊಡಿ ಎಂದು ಮಾಲೀಕರು ಬರೆದ ಅರ್ಜಿಯೂ ಕೆಲವು ಕಡತಗಳಲ್ಲಿದೆ.

ಹದಿನೈದು ವರ್ಷದ ಹುಡುಗನೊಬ್ಬ ಶಾಲೆಯ ಕೆಲಸವೆಂದು ಈ ಕಡತ ತೆರೆದ ಎಂದುಕೊಳ್ಳಿ. ‘60 ಲಕ್ಷ’ ಎಂಬ ಸಂಖ್ಯೆ ಅವನು ಪಾಠದಲ್ಲಿ ಓದಿದ್ದಾನೆ. ಈಗ ಅವನ ಮುಂದೆ ಇರುವುದು ಒಂದು ಅಡುಗೆಮನೆಯಲ್ಲಿ ಎಷ್ಟು ಚಮಚ ಇದ್ದವು ಎಂಬ ಲೆಕ್ಕ, ಅದನ್ನು ಎಣಿಸಿ ಬರೆದವರ ಕೈಬರಹ. ಪಾಠ ಹೇಳಲಾರದ್ದನ್ನು ಆ ಕೈಬರಹ ಹೇಳುತ್ತದೆ.

ಸರಿ, ಇದರಲ್ಲಿ ಕಲೆ ಎಲ್ಲಿದೆ?

ಒಳ್ಳೆಯ ಪ್ರಶ್ನೆ. ಹಿತ್ತಾಳೆ ಚೌಕವನ್ನು ಗ್ಯಾಲರಿಯಲ್ಲಿಟ್ಟರೆ ಯಾರೂ ಎರಡನೇ ಸಲ ನೋಡಲಿಕ್ಕಿಲ್ಲ.

ಉತ್ತರಕ್ಕೆ ಸ್ವಲ್ಪ ಹಿಂದೆ ಹೋಗಬೇಕು. ಯೋಸೆಫ್ ಬಾಯ್ಸ್ ಎಂಬ ಜರ್ಮನ್ ಕಲಾವಿದ ‘ಸಾಮಾಜಿಕ ಶಿಲ್ಪ’ ಎಂಬ ಮಾತು ಬಳಕೆಗೆ ತಂದರು. ಮಣ್ಣು, ಕಲ್ಲಿನ ಹಾಗೆ ಸಮಾಜವನ್ನೂ ಜನ ಸೇರಿ ರೂಪಿಸಬಹುದು, ಹಾಗೆ ರೂಪಿಸುವುದೇ ಕಲೆ ಎಂದು ಅವರ ವಾದ. 1982ರಲ್ಲಿ ಕಾಸೆಲ್ ನಗರದ ಮ್ಯೂಸಿಯಂ ಮುಂದೆ ಬಸಾಲ್ಟ್ ಕಲ್ಲುಗಳ ದೊಡ್ಡ ಗುಡ್ಡೆ ಸುರಿಸಿದರು. ಒಟ್ಟು 7,000 ಕಲ್ಲು. ಊರಿನಲ್ಲಿ ಯಾರಾದರೂ ಒಂದು ಮರ ನೆಟ್ಟರೆ ಒಂದು ಕಲ್ಲು ತೆಗೆದು ಅದರ ಪಕ್ಕ ನೆಡಬೇಕು. ಜನ ಕೈಹಾಕದಿದ್ದರೆ ಗುಡ್ಡೆ ಹಾಗೇ ಬಿದ್ದಿರುತ್ತದೆ, ಊರಿನ ನಾಚಿಕೆಯ ಹಾಗೆ. ಗುಡ್ಡೆ ಕರಗಲು ಐದು ವರ್ಷ ಹಿಡಿಯಿತು. ಬಾಯ್ಸ್ 1986ರಲ್ಲೇ ತೀರಿಕೊಂಡರು. ಕೊನೆಯ ಗಿಡ ನೆಟ್ಟದ್ದು ಅವರ ಮಗ, 1987ರಲ್ಲಿ. ಡೆಮ್ನಿಗ್ ಕೂಡ ಕಲೆ ಓದಿದ್ದು ಕಾಸೆಲ್‌ನಲ್ಲೇ.

ಇಂಥದ್ದಕ್ಕೆ ಈಗ ಸಹಭಾಗಿ ಕಲೆ ಅನ್ನುತ್ತಾರೆ. ರಂಗೋಲಿ ಸ್ಪರ್ಧೆ ನೋಡುವುದಕ್ಕೂ, ನೀವೇ ನಿಮ್ಮ ಬಾಗಿಲಿಗೆ ರಂಗೋಲಿ ಹಾಕುವುದಕ್ಕೂ ಇರುವ ವ್ಯತ್ಯಾಸ ಅದು. ಕಲಾವಿದ ಚುಕ್ಕಿ ಇಟ್ಟು ಕೊಡುತ್ತಾನೆ. ಎಳೆ ಎಳೆಯುವವರು ಬೇರೆ.

ಬರ್ಲಿನ್‌ನ ನಡುಮಧ್ಯದಲ್ಲಿ ಯಹೂದಿಗಳ ದೊಡ್ಡ ಸ್ಮಾರಕವೂ ಇದೆ. ಪೀಟರ್ ಐಸೆನ್‌ಮನ್ ವಿನ್ಯಾಸ ಮಾಡಿದ್ದು, 2005ರಲ್ಲಿ ತೆರೆದದ್ದು, 2,711 ಕಾಂಕ್ರೀಟ್ ದಿಮ್ಮಿಗಳು. ಯಾವ ದಿಮ್ಮಿಯ ಮೇಲೂ ಹೆಸರಿಲ್ಲ. ಅಲ್ಲಿಗೆ ನೀವು ಹುಡುಕಿಕೊಂಡು ಹೋಗಬೇಕು. ಎಡವುಗಲ್ಲು ಹಾಲು ತರಲು ಹೊರಟಾಗ ಸಿಗುತ್ತದೆ.

ನಮಗೆ ಹತ್ತಿರದ ಹೋಲಿಕೆ ಎಂದರೆ ವೀರಗಲ್ಲು. ಬೆಂಗಳೂರಿನ ಬೇಗೂರಿನಲ್ಲಿ ಸುಮಾರು ಕ್ರಿ.ಶ. 890ರ ಶಾಸನವೊಂದರಲ್ಲಿ ‘ಬೆಂಗಳೂರು ಕಾಳಗ’ದಲ್ಲಿ ಸತ್ತವರ ಮಾತು ಬರುತ್ತದೆ. ಸತ್ತವರನ್ನು ಹೆಸರು ಹಿಡಿದು, ಊರಿನ ಕಣ್ಣೆದುರೇ ಕಲ್ಲಿನಲ್ಲಿ ನಿಲ್ಲಿಸುವುದು ನಮಗೆ ಹೊಸತಲ್ಲ. ಆದರೆ ವೀರಗಲ್ಲಿನ ಕೆಳಗಿನ ಅಂಕಣದಲ್ಲಿ ಕಾಳಗ, ನಡುವೆ ಅಪ್ಸರೆಯರು ವೀರನನ್ನು ಎತ್ತಿಕೊಂಡು ಹೋಗುವುದು, ಮೇಲೆ ದೇವರ ಸನ್ನಿಧಿ. ಎಡವುಗಲ್ಲಿನಲ್ಲಿ ಮೇಲಿನ ಅಂಕಣ ಇಲ್ಲ. ‘ಕೊಲ್ಲಲಾಯಿತು’ ಎಂಬಲ್ಲಿಗೆ ನಿಲ್ಲುತ್ತದೆ. ಇಲ್ಲಿ ಯಾರೂ ವೀರರಲ್ಲ. ಟೈಲರು, ಟೀಚರು, ಮೂರು ವರ್ಷದ ಮಗು.

ಹೆಸರನ್ನು ತುಳಿಯುವುದು ಸರಿಯೇ?

ಎಲ್ಲರೂ ಇದನ್ನು ಮೆಚ್ಚಿದ್ದಾರೆ ಎಂದುಕೊಳ್ಳಬೇಡಿ. ಮ್ಯೂನಿಕ್ ನಗರ 2004ರಲ್ಲಿ ತನ್ನ ಫುಟ್‌ಪಾತುಗಳಲ್ಲಿ ಎಡವುಗಲ್ಲು ಬೇಡ ಎಂದಿತು. ಒಬ್ಬ ದಂಪತಿಯ ಹೆಸರಿನಲ್ಲಿ ಆಗಲೇ ಹಾಕಿದ್ದ ಎರಡು ಕಲ್ಲುಗಳನ್ನು ಅಗೆದು ತೆಗೆಸಿತು. 2015ರಲ್ಲಿ ಮತ್ತೆ ಅದೇ ತೀರ್ಮಾನ.

ವಿರೋಧಿಸಿದವರಲ್ಲಿ ಮುಂದಿದ್ದವರು ಷಾರ್ಲೊಟೆ ಕ್ನೋಬ್ಲೊಖ್. ಮ್ಯೂನಿಕ್‌ನ ಯಹೂದಿ ಸಮುದಾಯದ ಮುಖ್ಯಸ್ಥೆ, ಬಾಲ್ಯದಲ್ಲಿ ನಾಜಿಗಳ ಕಾಲವನ್ನು ಬದುಕಿ ದಾಟಿದವರು. ಅವರ ಮಾತು ನೇರ: ಅವತ್ತು ನಮ್ಮವರನ್ನು ಬೂಟುಗಾಲಲ್ಲಿ ತುಳಿದರು, ಇವತ್ತು ಅವರ ಹೆಸರನ್ನೂ ಜನ ತುಳಿಯಬೇಕೇ, ನಾಯಿ ಗಲೀಜು ಮಾಡಬೇಕೇ? ಯಹೂದಿಗಳ ಗೋರಿಕಲ್ಲುಗಳನ್ನು ನಾಜಿಗಳು ದಾರಿಗೆ ಹಾಸಿದ್ದರು ಎಂಬುದನ್ನು ನೆನೆದರೆ ಈ ಮಾತಿನ ಭಾರ ತಿಳಿಯುತ್ತದೆ. ಮ್ಯೂನಿಕ್ ಬೇರೆ ದಾರಿ ಹಿಡಿಯಿತು. 2018ರಿಂದ ಅಲ್ಲಿ ಗೋಡೆಗೆ ಫಲಕ, ಇಲ್ಲವೇ ಮನೆ ಮುಂದೆ ಕಂಬ. ಹೆಸರು ಕಣ್ಣಿನ ಎತ್ತರಕ್ಕೆ.

ಡೆಮ್ನಿಗ್ ಕಡೆಯವರ ಉತ್ತರ: ಕಾಲು ಬಿದ್ದಷ್ಟೂ ಹಿತ್ತಾಳೆ ಹೊಳೆಯುತ್ತದೆ. ಯಾರೂ ನಡೆಯದ ಕಡೆ ಅದು ಕಪ್ಪಾಗುತ್ತದೆ.

ಈ ಜಗಳ ನಮಗೆ ಚೆನ್ನಾಗಿ ಅರ್ಥವಾಗುತ್ತದೆ. ಕಾಗದಕ್ಕೆ ಕಾಲು ತಾಗಿದರೂ ಕಣ್ಣಿಗೊತ್ತಿಕೊಳ್ಳುವ ಜನ ನಾವು. ಅದೇ ನಾವು ಭಕ್ತರ ಪಾದದ ಧೂಳು ಬೀಳಲಿ ಎಂದು ಗುಡಿಯ ಮೆಟ್ಟಿಲಿಗೆ ನಮ್ಮ ಹೆಸರು ಕೆತ್ತಿಸುತ್ತೇವೆ. ಹಳೆಯ ಗುಡಿಗಳ ಹಾಸುಗಲ್ಲಿನಲ್ಲಿ ಅಡ್ಡಬಿದ್ದ ಭಕ್ತರ ಚಿತ್ರಗಳನ್ನೂ ಕೆತ್ತಿರುತ್ತಾರೆ. ವ್ಯತ್ಯಾಸ ಒಂದೇ, ಆದರೆ ದೊಡ್ಡದು. ಗುಡಿಯಲ್ಲಿ ತುಳಿಸಿಕೊಳ್ಳುವವನು ತಾನೇ ಒಪ್ಪಿ ಅಲ್ಲಿ ಮಲಗಿದ್ದಾನೆ. ಬರ್ಲಿನ್‌ನ ಕಲ್ಲಿನಲ್ಲಿರುವವರನ್ನು ಕೇಳಲು ಸಾಧ್ಯವಿಲ್ಲ. ಅದಕ್ಕೇ ಸಂಬಂಧಿಕರ ಒಪ್ಪಿಗೆಗೆ ಅಷ್ಟು ಬೆಲೆ.

ಕಲ್ಲುಗಳನ್ನು ಕೀಳುವವರೂ ಇದ್ದಾರೆ. ಗ್ರೈಫ್ಸ್‌ವಾಲ್ಡ್ ಎಂಬ ಊರಿನಲ್ಲಿ 2012ರ ನವೆಂಬರ್ 9ರ ಹೊತ್ತಿಗೆ ಇದ್ದಬದ್ದ ಕಲ್ಲುಗಳನ್ನೆಲ್ಲ ಕಿತ್ತೊಯ್ದರು. ಊರಿನವರು ದುಡ್ಡು ಕೂಡಿಸಿ ಮತ್ತೆ ಹಾಕಿಸಿದರು.

ತಿಕ್ಕುವ ದಿನ

ನವೆಂಬರ್ 9 ಯಾಕೆ? 1938ರ ಆ ರಾತ್ರಿ ಜರ್ಮನಿಯ ಊರೂರುಗಳಲ್ಲಿ ಯಹೂದಿಗಳ ಪ್ರಾರ್ಥನಾ ಮಂದಿರಗಳಿಗೆ ಬೆಂಕಿ ಇಟ್ಟರು, ಅಂಗಡಿಗಳ ಗಾಜು ಒಡೆದರು. ಈಗ ಪ್ರತಿ ವರ್ಷ ಆ ದಿನ, ಮತ್ತೆ ಔಷ್‌ವಿಟ್ಸ್ ಬಿಡುಗಡೆಯಾದ ಜನವರಿ 27ರಂದು, ಜನ ಬಕೆಟ್ಟು, ಬಟ್ಟೆ ಹಿಡಿದು ಫುಟ್‌ಪಾತಿನಲ್ಲಿ ಮಂಡಿಯೂರಿ ಈ ಕಲ್ಲುಗಳನ್ನು ತಿಕ್ಕುತ್ತಾರೆ. ಮುಗಿದ ಮೇಲೆ ಒಂದು ಮೇಣದ ಬತ್ತಿ, ಒಂದು ಬಿಳಿ ಗುಲಾಬಿ.

ನನ್ನ ಅಳಿಯನ ಕೆಳಮನೆಯ ಹೆಂಗಸು ತಿಕ್ಕುತ್ತಿದ್ದುದನ್ನು ನೋಡಿ ಇವನೂ ಕೂತನಂತೆ. ಪಾಲಿಷ್ ಮುಗಿದುಹೋಗಿತ್ತು. ‘ಮಾಮ, ಹಿತ್ತಾಳೆಗೆ ಅಜ್ಜಿ ಏನು ಹಾಕ್ತಿದ್ರು?’ ಎಂದು ಫೋನು ಮಾಡಿದ. ಹುಣಸೆಹಣ್ಣು, ಉಪ್ಪು ಎಂದೆ. ದೀಪಾವಳಿಗೆ ಸಾರು ಮಾಡಲೆಂದು ತಂದಿಟ್ಟ ಹುಣಸೆಹಣ್ಣು ಅವನ ಹತ್ತಿರ ಇತ್ತು. ಹುಣಸೆಯ ಹುಳಿ ಹಿತ್ತಾಳೆಯ ಮೇಲಿನ ಕಪ್ಪು ಪದರವನ್ನು ಕರಗಿಸುತ್ತದೆ, ಉಪ್ಪಿನ ಹರಳು ಉಜ್ಜುತ್ತದೆ. ಆ ಹೆಂಗಸು ಮೊದಲು ಅನುಮಾನದಿಂದ ನೋಡಿದರಂತೆ. ಆಮೇಲೆ ಅವರೂ ಒಂದು ಚೂರು ಕೇಳಿ ತೆಗೆದುಕೊಂಡರಂತೆ.

ಮೊನ್ನೆ ಮತ್ತೆ ಮಾತಾಡಿದ. ಪಕ್ಕದ ಬಿಲ್ಡಿಂಗಿನ ಮುಂದೆ ಒಂದೂ ಕಲ್ಲಿಲ್ಲ. ಅಲ್ಲಿ ಯಾರೂ ಇರಲಿಲ್ಲವೇನೋ ಎಂದುಕೊಂಡಿದ್ದನಂತೆ. ಸುಮ್ನೆ ಕುತೂಹಲಕ್ಕೆ ಆ ನಂಬರನ್ನು 1939ರ ನಕ್ಷೆಗೆ ಹಾಕಿ ನೋಡಿದ್ದಾನೆ. ಒಂಬತ್ತು ಹೆಸರು ಬಂದಿವೆ.

‘ಒಂದು ಹುಡುಗಿ ಆಗ ನನಗಿಂತ ಚಿಕ್ಕೋಳು’ ಎಂದ. ಕೆಳಮನೆಯ ಹೆಂಗಸನ್ನು ಶನಿವಾರ ಜೊತೆಗೆ ಕರೆದುಕೊಂಡು ಸ್ವಯಂಸೇವಕರ ಗುಂಪಿನ ಹತ್ತಿರ ಹೋಗುತ್ತಾನಂತೆ, ಇವನ ಜರ್ಮನ್ ಇನ್ನೂ ಅಷ್ಟಕ್ಕಷ್ಟೆ.